ಕೈ ಒಣಗುವಷ್ಟು ಹೊತ್ತು

ಪುಲಿಕಾಟ್ ಸರೋವರದ ಪಳವೇರ್ಕಾಡು ದಂಡೆಯಲ್ಲಿ, ದೋಣಿ ಹತ್ತುವ ಜಾಗದಲ್ಲಿ, ಹಳೆಯ ಬಲೆಗಳ ಮೇಲೆ ಸೀಗಡಿ ಒಣಹಾಕಿದ್ದರು. ಅದರ ಪಕ್ಕದಲ್ಲೇ ನಮ್ಮ ಮನೆಯವರು ವ್ಯಾನಿನಿಂದ ಹೋಟೆಲಿನ ಪಾತ್ರೆಗಳನ್ನು ಇಳಿಸುತ್ತಿದ್ದರು. ಅನ್ನದ್ದು, ಸಾರಿನದ್ದು, ಹುಳಿಯದ್ದು, ಪಾಯಸದ್ದು. ಪ್ರತಿಯೊಂದರ ಬಾಯಿಗೂ ಬಾಳೆಲೆ ಮುಚ್ಚಿ ಬಿಳಿ ಬಟ್ಟೆ ಕಟ್ಟಿತ್ತು. ಅತ್ತೆ ಸೀಗಡಿಯ ನಾತಕ್ಕೆ ಸೆರಗನ್ನು ಮೂಗಿಗೆ ಒತ್ತಿಕೊಂಡಿದ್ದರು. ನನಗೆ ತಡೆಯಲಾಗದೆ ಹೋದದ್ದು ಪಾಯಸದ ವಾಸನೆ.

ಹನ್ನೊಂದು ತಿಂಗಳಿಂದ ಆ ಮನೆಯಲ್ಲಿ ಸಿಹಿ ಮಾಡಿರಲಿಲ್ಲ. ವರ್ಷಾಂತಿಕ ಆಗುವವರೆಗೆ ಮಾಡುವುದಿಲ್ಲ ಎಂದು ಅತ್ತೆಯೇ ಹೇಳಿದ್ದರು. ದೀಪಾವಳಿಗೂ ಇರಲಿಲ್ಲ. ಏನು ಶೀನಣ್ಣ, ಪಾಯಸ ಎಂದು ಕೇಳಿದೆ. ಶೀನಣ್ಣ ನಮ್ಮ ಹೋಟೆಲಿನಲ್ಲಿ ಮೂವತ್ತು ವರ್ಷ ಬಡಿಸಿದವರು. ಅಮ್ಮ ಹೇಳಿದ್ರು ಎಂದಷ್ಟೇ ಅಂದು ಪಾತ್ರೆ ಎತ್ತಿಕೊಂಡು ಹೋದರು. ನನ್ನ ಮುಖ ನೋಡಲಿಲ್ಲ.

ಯಾಕೆ ಎಂಬುದನ್ನು ಇಲ್ಲೇ ಹೇಳಿಬಿಡುತ್ತೇನೆ. ನನ್ನ ಗಂಡ ಸೂರಜ್ ಸತ್ತದ್ದು ರಕ್ತದ ಕ್ಯಾನ್ಸರಿನಿಂದ. ಕೀಮೋ ಶುರುಮಾಡುವ ಮುಂಚೆ ಡಾಕ್ಟರು, ಮುಂದೆ ಮಕ್ಕಳು ಬೇಕೆನಿಸಿದರೆ ಕಷ್ಟವಾಗಬಹುದು, ವೀರ್ಯವನ್ನು ತೆಗೆದಿಡಿಸಿ ಎಂದಿದ್ದರು. ಒಂದು ಸಂತಾನ ಚಿಕಿತ್ಸಾ ಕೇಂದ್ರದ ಫ್ರೀಜರಿನಲ್ಲಿ ಇಡಿಸಿದೆವು. ಆ ಕೇಂದ್ರದವರು ಕೊಟ್ಟ ಅರ್ಜಿಯಲ್ಲಿ, ವೀರ್ಯ ಇಡಿಸಿದವರು ತೀರಿಕೊಂಡರೆ ಏನು ಮಾಡಬೇಕು ಎಂದು ಒಂದು ಸಾಲು ಖಾಲಿ ಇತ್ತು. ಸೂರಜ್ ಪೆನ್ನಿನ ತುದಿ ಕಚ್ಚುತ್ತಾ ನನ್ನ ಮುಖ ನೋಡಿದ. ನಾನು ಗೋಡೆಯ ಮೇಲಿದ್ದ ದಪ್ಪ ಕೆನ್ನೆಯ ಮಗುವಿನ ಚಿತ್ರ ನೋಡಿದೆ. ಅವನು 'ಹೆಂಡತಿ ಪ್ರಣಮ್ಯಾಳ ಇಷ್ಟ' ಎಂದು ಬರೆದ. ಲಿಫ್ಟಿನಲ್ಲಿ ಇಳಿಯುವಾಗ, ಇನ್ನು ಮೇಲೆ ನಾನು ಎರಡು ಕಡೆ ಬಾಡಿಗೆಗೆ ಇದ್ದ ಹಾಗೆ ಎಂದು ನಕ್ಕ. ಏಳು ತಿಂಗಳಲ್ಲಿ ಒಂದು ಕಡೆ ಖಾಲಿಯಾಯಿತು.

ಅವನು ವಿಳಾಸದ ಜಾಗದಲ್ಲಿ ಹೋಟೆಲಿನದ್ದನ್ನು ಬರೆದಿದ್ದ. ಚೆನ್ನೈಯ ಪ್ಯಾರೀಸ್ ಕಾರ್ನರಿನ ಹಿಂದಿನ ಬೀದಿಯ ನಮ್ಮ ಹೋಟೆಲಿಗೆ ಕಳೆದ ತಿಂಗಳು ಒಂದು ಕಾಗದ ಬಂತು. ಇಟ್ಟದ್ದನ್ನು ಬಳಸುವುದೋ, ಇನ್ನೊಂದು ವರ್ಷ ಇಡುವುದೋ, ತೆಗೆದುಬಿಡುವುದೋ, ಹೆಂಡತಿ ಸಹಿ ಮಾಡಿ ತಿಳಿಸಬೇಕು ಎಂದು. ಅದನ್ನು ಒಡೆದವರು ಅತ್ತೆ. ಓದಿ ಹೇಳಿದವರು ದೊಡ್ಡ ಮಗ, ನನ್ನ ಭಾವ ಅಜಯ್. ಅಲ್ಲಿಯವರೆಗೆ ಆ ಮನೆಯಲ್ಲಿ ಯಾರಿಗೂ ಅಂಥದ್ದೊಂದು ಇರುವುದು ಗೊತ್ತಿರಲಿಲ್ಲ. ಗೊತ್ತಾದ ದಿನ ಅತ್ತೆ ದೇವರ ಮುಂದೆ ತುಪ್ಪದ ದೀಪ ಹಚ್ಚಿದರು. ನನ್ನ ಹೊಟ್ಟೆಯ ಕಡೆ ನೋಡಲು ಶುರುಮಾಡಿದರು.

ಯೋಚಿಸುತ್ತೇನೆ ಎಂದು ಹೇಳಿದ್ದೆ. ಸುಳ್ಳಲ್ಲ. ಯಾರಿಗೂ ಹೇಳದೆ ಎರಡು ಸಲ ಆ ಕೇಂದ್ರದ ಎದುರಿನ ಬಸ್ ಸ್ಟಾಪಿನಲ್ಲಿ ಹೋಗಿ ಕೂತಿದ್ದೆ. ನಾನು ಪ್ರಾಣಿಶಾಸ್ತ್ರದಲ್ಲಿ ಎಂ.ಎಸ್ಸಿ. ಮಾಡಿದವಳು. ಅಲ್ಲಿ ಇರುವುದು ಬೆರಳುದ್ದದ ಕೆಲವು ನಳಿಕೆಗಳು ಎಂದು ಗೊತ್ತು. ಗೊತ್ತಿದ್ದೂ ಮೂರನೆಯ ಮಹಡಿಯ ಕಿಟಕಿಯನ್ನು ನೋಡುತ್ತಾ ಎರಡೆರಡು ಗಂಟೆ ಕೂತೆ. ಬೇಕು ಎಂದು ಅನಿಸಿದ ಗಳಿಗೆಗಳೂ ಇದ್ದವು.

ಆಮೇಲೆ ಅಜಯ್ ಭಾವ ಈ ಔಟಿಂಗ್ ಹುಡುಕಿದರು. ಎರಡು ಗಂಟೆ ದೋಣಿಯಲ್ಲಿ ಸರೋವರ ಸುತ್ತಿ, ನಡುವಿನ ಒಂದು ದ್ವೀಪದಲ್ಲಿ ಊಟ, ಸಂಜೆಯೊಳಗೆ ವಾಪಸು. ಪ್ರಣಮ್ಯಾಳಿಗೂ ಒಂದು ಚೇಂಜ್ ಎಂದರು. ದೋಣಿಯವರು ಕೊಡುವ ಊಟದಲ್ಲಿ ಮೀನು ಇದ್ದೇ ಇರುತ್ತದೆಂದು ತಿಳಿದ ಮೇಲೆ, ಊಟ ನಮ್ಮದೇ ಒಯ್ಯುವ ಎಂದು ಮಾವ ತೀರ್ಮಾನ ಕೊಟ್ಟರು. ಹೋಟೆಲಿನವರಿಗೆ ಬೇರೆಯವರ ಅನ್ನ ಇಳಿಯುವುದಿಲ್ಲ.

ದಂಡೆಯಲ್ಲಿ ನಮಗಾಗಿ ಗೋದಾಬಾಯಿ ಕಾಯುತ್ತಿದ್ದರು. ಅತ್ತೆಯ ಭಜನಾ ಮಂಡಳಿಯ ಗೆಳತಿ, ಟಿ. ನಗರದವರು. ಆ ಕೇಂದ್ರದಲ್ಲೇ ಬಂದವರಿಗೆ ತಿಳಿಹೇಳುವ ಕೆಲಸ ಅವರದ್ದು. ಕೈಯಲ್ಲಿ ಜಿಪ್ ಇರುವ ನೀಲಿ ಫೈಲು. ಅದನ್ನು ನೋಡಿದಾಗಲೇ ನನಗೆ ಎಲ್ಲ ತಿಳಿಯಿತು. ವ್ಯಾನಿನ ಡ್ರೈವರ್ ಚಹಾ ಕುಡಿಯಲು ಹೋಗಿದ್ದ. ಚೆನ್ನೈಗೆ ಒಂದೂವರೆ ಗಂಟೆಯ ದಾರಿ. ಬಾ ಕಣ್ಣಾ, ನನ್ನ ಪಕ್ಕ ಕೂತ್ಕೋ ಎಂದು ಗೋದಾಬಾಯಿ ದೋಣಿಯ ಹಲಗೆ ತಟ್ಟಿದರು. ಕೂತೆ.

ನಾವು ಆರು ಜನ. ಮಾವ, ಅತ್ತೆ, ಅಜಯ್ ಭಾವ, ಅವರ ಹೆಂಡತಿ ನಮಿತಾ, ಗೋದಾಬಾಯಿ, ನಾನು. ಹಿಂದೆ ಪಾತ್ರೆಗಳ ನಡುವೆ ಶೀನಣ್ಣ. ನಮಿತಾ ಅಕ್ಕ ಇಬ್ಬರು ಹೆಣ್ಣುಮಕ್ಕಳನ್ನು ತಾಯಿಯ ಮನೆಯಲ್ಲಿ ಬಿಟ್ಟು ಬಂದಿದ್ದಳು. ಮಕ್ಕಳನ್ನು ಕರೆದುಕೊಂಡು ಬರುವುದು ಬೇಡ ಎಂದು ಅತ್ತೆ ಹೇಳಿದ್ದರಂತೆ. ಆಗ ಅದರಲ್ಲಿ ವಿಶೇಷ ಕಾಣಲಿಲ್ಲ.

ನೀರಿನ ಮೇಲೆ ಡೀಸೆಲ್ಲಿನ ಬಣ್ಣಬಣ್ಣದ ಪೊರೆ ತೇಲುತ್ತಿತ್ತು. ದೋಣಿಯವನು ದೀಪಸ್ತಂಭ ತೋರಿಸಿದ, ಮರಳು ದಿಬ್ಬದ ಆಚೆ ಸಮುದ್ರ ತೋರಿಸಿದ. ಒಂದು ಕಡೆ ಎಂಜಿನ್ ನಿಲ್ಲಿಸಿ, ದೂರದ ಆಳವಿಲ್ಲದ ನೀರಿನಲ್ಲಿ ನಿಂತಿದ್ದ ಗುಲಾಬಿ ರಾಜಹಂಸಗಳನ್ನು ತೋರಿಸಿದ. ಕೊಳೆತ ಪಾಚಿಯ ವಾಸನೆ ಎದ್ದು ಬಂತು. ಹಕ್ಕಿಗಳು ತಲೆ ಕೆಳಗೆ ಮಾಡಿ ಕೆಸರು ಸೋಸುತ್ತಿದ್ದವು. ಆ ಗುಲಾಬಿ ಬಣ್ಣ ಕೆಸರಿನೊಳಗಿನ ಪಾಚಿ, ಸೀಗಡಿಯಿಂದಲೇ ಬರುತ್ತದೆ. ಶಾಲೆಯಲ್ಲಿ ಪಾಠ ಮಾಡುತ್ತಿದ್ದಾಗ ಇದನ್ನು ಮಕ್ಕಳಿಗೆ ಇಷ್ಟಪಟ್ಟು ಹೇಳುತ್ತಿದ್ದೆ. ಅಜಯ್ ಭಾವ ಎದ್ದುನಿಂತು ಫೋಟೋ ತೆಗೆದರು. ದೋಣಿ ಓಲಾಡಿತು. ಸ್ವಲ್ಪ ಕೂತ್ಕೊಳ್ಳಿ, ಹೊಟ್ಟೆಯ ಭಾರಕ್ಕೆ ನಮ್ಮನ್ನೂ ಮುಳುಗಿಸ್ಬೇಡಿ ಎಂದಳು ನಮಿತಾ ಅಕ್ಕ. ಎಲ್ಲರೂ ನಕ್ಕರು.

ದಾರಿಯುದ್ದಕ್ಕೂ ಗೋದಾಬಾಯಿ ಮಾತಾಡಿದರು. ಕೊಯಮತ್ತೂರಿನ ಯಾರೋ ಒಬ್ಬಳ ಕಥೆ. ಗಂಡ ಅಪಘಾತದಲ್ಲಿ ಹೋಗಿ ಎರಡು ವರ್ಷಕ್ಕೆ ಅವಳಿಗೆ ಮಗು, ಅಪ್ಪನ ಅದೇ ಕಿವಿ, ಅದೇ ಮೂಗು. ಹೇಳುತ್ತಾ ಹೇಳುತ್ತಾ ಗೋಡಂಬಿ ಜಗಿಯುತ್ತಿದ್ದರು. ಕಥೆಯ ಮುಖ್ಯ ಜಾಗಗಳಲ್ಲಿ ನನ್ನ ತೊಡೆಯ ಮೇಲೆ ಕೈ ಇಡುತ್ತಿದ್ದರು. ಉಪ್ಪು ಮತ್ತು ಎಣ್ಣೆಯ ನಾಲ್ಕು ಬೆರಳಿನ ಗುರುತು ನನ್ನ ಸೀರೆಯ ಮೇಲೆ ಉಳಿಯಿತು. ಆ ಸೀರೆಯೂ ಬೆಳಿಗ್ಗೆ ಅತ್ತೆ ಆರಿಸಿಕೊಟ್ಟದ್ದು. ಗಿಣಿ ಹಸಿರು.

ಗಾಳಿ ಜೋರಾದಾಗ ಅತ್ತೆ ಶಾಲು ಹೊದೆದುಕೊಂಡು, ಯಾರಿಗೂ ಅಲ್ಲ ಎಂಬಂತೆ ಹೇಳಿದರು:

"ಇಷ್ಟು ಗಾಳಿಗೇ ನನ್ನ ಕೈಕಾಲು ತಣ್ಣಗಾಗ್ತದೆ. ಅವ ಅಷ್ಟು ಥಂಡಿಯಲ್ಲಿ ಒಬ್ಬನೇ ಹೇಗಿದ್ದಾನೋ."

ಅವರ ಗಲ್ಲ ನಡುಗುತ್ತಿತ್ತು. ನಾಟಕವಾಗಿದ್ದರೆ ನನಗೆ ಸುಲಭವಾಗುತ್ತಿತ್ತು. ನಾಟಕವಲ್ಲ. ಆ ಹೆಂಗಸು ದಿನಾ ರಾತ್ರಿ ಒಂದು ಫ್ರೀಜರನ್ನು ನೆನೆದು ಅಳುತ್ತಿದ್ದರು. ಅಯ್ಯೋ ಅನಿಸಬೇಕಿತ್ತು. ನನಗೆ ಮೈ ಮೇಲೆ ಹುಳ ಹರಿದ ಹಾಗಾಯಿತು.

ದ್ವೀಪ ಎಂದರೆ ಮರಳು, ಒಂದಷ್ಟು ಗಾಳಿಮರ, ಹಿಂದೆ ಬಂದು ಹೋದವರ ಪ್ಲಾಸ್ಟಿಕ್ ಲೋಟಗಳು. ಶೀನಣ್ಣ ಮರದ ಕೆಳಗೆ ಗುಡಿಸಿ, ಟಾರ್ಪಾಲು ಹಾಸಿ, ಆರು ಎಲೆ ಹಾಕಿದರು. ದೋಣಿಯವನು ತನ್ನ ಡಬ್ಬಿ ತೆಗೆದುಕೊಂಡು ದೋಣಿಯ ನೆರಳಿಗೆ ಹೋದ. ಮಾವ ಅಂಗಿ ಬಿಚ್ಚಿ, ಪಂಚೆಯುಟ್ಟು, ಮೊದಲ ಎಲೆಗೆ ಕೂತರು. ನನ್ನನ್ನು ತಮ್ಮ ಎದುರಿಗೆ ಕೂರಿಸಿದರು. ಎಡಕ್ಕೆ ನಮಿತಾ ಅಕ್ಕ, ಬಲಕ್ಕೆ ಗೋದಾಬಾಯಿ.

ನಮ್ಮ ಹೋಟೆಲಿನಲ್ಲಿ ತಿನ್ನುತ್ತಿರುವವರ ಬೆನ್ನ ಹಿಂದೆಯೇ ಇನ್ನೊಬ್ಬರು ಕಾಯುತ್ತಾ ನಿಲ್ಲುತ್ತಾರೆ. ಎದ್ದ ಎರಡನೆಯ ನಿಮಿಷಕ್ಕೆ ಮೇಜು ಒರೆಸಿಯಾಗಿರುತ್ತದೆ. ಅದಕ್ಕೇ ಇರಬೇಕು, ಮನೆಯಲ್ಲಿ ಮಾವನಿಗೆ ಪಂಕ್ತಿ ಎಂದರೆ ಅಷ್ಟು ಕಟ್ಟುನಿಟ್ಟು. ಎಲೆಯ ಸುತ್ತ ನೀರು ಬಿಟ್ಟು, ಪಕ್ಕದಲ್ಲಿ ಒಂದೆರಡು ಅಗುಳು ಇಟ್ಟು, ಅಂಗೈಯ ನೀರು ಕುಡಿದು ಊಟ ಶುರುಮಾಡುತ್ತಾರೆ. ಮುಗಿಸುವಾಗ ಮತ್ತೆ ಅಂಗೈಯಲ್ಲಿ ನೀರು ಹಾಕಿಸಿಕೊಂಡು ಕುಡಿಯುತ್ತಾರೆ. ಆ ಉತ್ತರಾಪೋಶನ ಆಗುವವರೆಗೆ ಸಾಲಿನಲ್ಲಿ ಯಾರೂ ಏಳುವ ಹಾಗಿಲ್ಲ. ಒಬ್ಬರು ಎದ್ದರೆ ಉಳಿದವರ ಎಲೆಯೂ ಕೆಟ್ಟಿತು. ಮದುವೆಯಾದ ಹೊಸತರಲ್ಲಿ, ಬಿಕ್ಕಳಿಕೆ ಬಂತೆಂದು ನಾನು ನೀರಿಗೆ ಎದ್ದುಬಿಟ್ಟೆ. ಒಂಬತ್ತು ಜನ ಅರ್ಧ ಊಟದಲ್ಲಿ ಕೈ ತೊಳೆದರು. ಒಬ್ಬರೂ ಬೈಯಲಿಲ್ಲ. ನಾನು ಒಬ್ಬ ಇನ್ಶೂರೆನ್ಸ್ ಗುಮಾಸ್ತರ ಮಗಳು, ಟಿ.ವಿ. ಮುಂದೆ ತಟ್ಟೆ ಹಿಡಿದು ಉಂಡು ಬೆಳೆದವಳು. ಅಂದಿನಿಂದ ಬಿಕ್ಕಳಿಕೆ ನುಂಗಲು ಕಲಿತೆ.

ಅದೇ ಮನೆಯಲ್ಲಿ ದೊಡ್ಡ ಮಾತುಗಳೆಲ್ಲ ಮಜ್ಜಿಗೆಯ ಹೊತ್ತಿಗೆ ಬರುತ್ತವೆ. ಊಟ ಮುಗಿದಿರುತ್ತದೆ, ಏಳುವ ಹಾಗಿರುವುದಿಲ್ಲ. ಸೂರಜ್ ಬ್ಯಾಂಕಿನ ಕೆಲಸ ಬಿಟ್ಟು ಗಲ್ಲಾಪೆಟ್ಟಿಗೆಗೆ ಕೂರಬೇಕು ಎಂದದ್ದು ಮಜ್ಜಿಗೆಯಲ್ಲಿ. ಅಜಯ್ ಭಾವನಿಗೆ ಹೆಣ್ಣು ಗೊತ್ತುಮಾಡಿದ್ದು ಮಜ್ಜಿಗೆಯಲ್ಲಿ. ಆ ಹೆಣ್ಣೇ ನಮಿತಾ ಅಕ್ಕ. ನಾನು ಸೊಸೆಯಾಗಿ ಬಂದ ವಾರವೇ ಅವಳು, ಈ ಮನೆಯಲ್ಲಿ ಪಾಯಸದವರೆಗೆ ಏನೂ ತೊಂದರೆ ಇಲ್ಲ, ಮಜ್ಜಿಗೆ ಬಂದಾಗ ಸ್ವಲ್ಪ ಜಾಗ್ರತೆ ಎಂದು ನಗಾಡಿದ್ದಳು.

ಊಟ ಶುರುವಾಯಿತು. ಕೋಸಂಬರಿ, ಬೀನ್ಸ್ ಪಲ್ಯ, ಸಾರು, ಸೌತೆಕಾಯಿ ಹುಳಿ. ಗೋದಾಬಾಯಿ ಹುಳಿಯನ್ನು ಅನ್ನದ ಮೇಲೆ ಹೊಯ್ಸಿಕೊಂಡು, ಮೊಣಕೈಯ ಕಡೆಗೆ ಇಳಿದದ್ದನ್ನು ನೆಕ್ಕಿದರು. ಇದು ಹೋಟೆಲಲ್ಲಿ ಸಿಕ್ಕೋ ಹುಳಿ ಅಲ್ಲ, ಮನೇದು ಎಂದು ಹೊಗಳಿದರು. ಅಜಯ್ ಭಾವ ಹೋಳುಗಳನ್ನು ಬಾಯಲ್ಲಿ ಒತ್ತಿ ರಸ ಹೀರಿ ಸಿಪ್ಪೆಯನ್ನು ಎಲೆಯ ಅಂಚಿಗೆ ಸಾಲಾಗಿ ಇಡುತ್ತಿದ್ದರು. ಒಂದು ನೊಣ ಉಪ್ಪಿನಕಾಯಿಯಿಂದ ಪಾಯಸಕ್ಕೆ, ಪಾಯಸದಿಂದ ಮಾವನ ಎದೆಯ ಬೆವರಿಗೆ ಹೋಗಿ ಬರುತ್ತಿತ್ತು. ಪಾಯಸದ ಮೇಲೆ ಕೆನೆ ಸುಕ್ಕುಗಟ್ಟಿತ್ತು. ಅತ್ತೆ ಕೂತಲ್ಲಿಂದಲೇ, ಪ್ರಣಮ್ಯಾಳಿಗೆ ಇನ್ನೊಂದು ಸೌಟು ಹಾಕು ಶೀನ ಎಂದರು. ಶೀನಣ್ಣ ಸೌಟು ಹಿಡಿದು ನಿಂತರು. ನಾನು ಎಲೆಗೆ ಎಡಗೈ ಅಡ್ಡ ಇಟ್ಟೆ. ಅವರು ಒತ್ತಾಯ ಮಾಡದೆ ಮುಂದೆ ಹೋದರು. ಆ ದಿನ ನನಗೆ ಸಿಕ್ಕಿದ ಒಂದೇ ಮರ್ಯಾದೆ ಅದು.

ಮಜ್ಜಿಗೆ ಬಂತು. ಮಾವ ಕಲಸಿ ಉಂಡರು. ಎಲ್ಲರದ್ದೂ ಮುಗಿಯಿತು. ಶೀನಣ್ಣ ಉತ್ತರಾಪೋಶನಕ್ಕೆ ನೀರಿನ ಚೊಂಬು ತಂದು ಬಗ್ಗಿದರು. ಮಾವ ಅಂಗೈಗೆ ನೀರು ಹಾಕಿಸಿಕೊಂಡರು. ಕುಡಿಯಲಿಲ್ಲ. ನೀರು ತುಂಬಿದ ಅಂಗೈಯನ್ನು ಮಂಡಿಯ ಮೇಲೆ ಇಟ್ಟುಕೊಂಡು ನನ್ನನ್ನು ನೋಡಿದರು.

"ಪ್ರಣಮ್ಯಾ, ಗೋದಾಬಾಯಿಯವರು ಕಾಗದ ತಂದಿದ್ದಾರೆ. ಎಂಜಲು ಕೈಯಲ್ಲಿ ಸೈನು ಹಾಕುವುದು ಬೇಡ. ಅದು ಕೈ ತೊಳೆದ ಮೇಲೆ ದೋಣಿಯಲ್ಲೇ ಹಾಕಿದ್ರೂ ಆಗ್ತದಂತೆ. ಈಗ ಬಾಯಿಮಾತು ಒಂದು ಹೇಳು. ಹೂಂ ಅಂದ ಕೂಡ್ಲೆ ನಾನು ಆಪೋಶನ ತೆಕ್ಕೊಳ್ತೇನೆ."

ಇಲ್ಲಿ ಬೇಡ, ಮನೆಗೆ ಹೋಗಿ ಮಾತಾಡೋಣ ಎಂದೆ. ಮನೆಯಲ್ಲಿ ಎರಡು ಸಲ ಕೇಳಿ ಆಯಿತಲ್ಲ, ಎರಡು ಸಲವೂ ನೀನು ಎದ್ದು ರೂಮಿಗೆ ಹೋದೆ ಎಂದರು ಅತ್ತೆ. ಇಲ್ಲಿ ರೂಮು ಇರಲಿಲ್ಲ.

ಗೋದಾಬಾಯಿ ನನ್ನ ಕಡೆ ತಿರುಗಿದರು. ತುಟಿಯ ಅಂಚಿನಲ್ಲಿ ಮಜ್ಜಿಗೆ ಬೆಳ್ಳಗೆ ಒಣಗುತ್ತಿತ್ತು. ಭಯ ಏನೂ ಇಲ್ಲ, ಹತ್ತು ನಿಮಿಷದ ಕೆಲಸ, ಒಂದು ಇಂಜೆಕ್ಷನ್ ಥರ, ಓದಿದವಳು ನೀನು, ನಾನು ನಿನಗೆ ಹೇಳಬೇಕಾ ಎಂದರು. ಗಂಡು ಹುಟ್ಟಿದರೆ ಸೂರಜ್ ಎಂದೇ ಇಡುವ, ಹೆಸರು ಹುಡುಕುವ ಕೆಲಸವೂ ಇಲ್ಲ ಎಂದರು ಅಜಯ್ ಭಾವ. ಹೆಣ್ಣಾದರೆ ಎಂದು ಕೇಳಿದಳು ನಮಿತಾ ಅಕ್ಕ. ಆಗ ನೋಡುವ ಎಂದರು ಅವರು. ನಮಿತಾ ಅಕ್ಕ ನನ್ನ ಕಿವಿಯ ಹತ್ತಿರ, ಹೂಂ ಅಂದುಬಿಡು ಮಾರಾಯ್ತಿ, ಅಂದರೆ ಏನು ಇವತ್ತೇ ಮಾಡ್ತಾರಾ, ಕೈ ಒಣಗ್ತಾ ಉಂಟು ಎಂದು ಪಿಸುಗುಟ್ಟಿದಳು.

"ಸೂರಜ್ ನನ್ನ ಇಷ್ಟ ಅಂತ ಬರೆದಿದ್ದಾರೆ," ಎಂದೆ.

"ಅವನಿಗೆ ಎಂತ ಗೊತ್ತಿತ್ತು?" ಅತ್ತೆಯ ಧ್ವನಿ ಏರಲಿಲ್ಲ. "ಸಾಯುವವನ ಹತ್ರ ಪೆನ್ನು ಕೊಟ್ರೆ ಏನಾದ್ರೂ ಬರೀತಾನೆ. ನೀನು ಅವನೊಟ್ಟಿಗೆ ಇದ್ದದ್ದು ಮೂರು ವರ್ಷ. ನಾನು ಮೂವತ್ತೊಂದು. ಅವ ಪೂರಾ ಹೋಗಲಿಲ್ಲ ಅಂತ ನನಗೆ ಈಗ ಗೊತ್ತಾಗಿದೆ. ಗೊತ್ತಿದ್ದೂ ಅವನನ್ನು ಹಾಗೇ ಬಿಡು ಅಂತೀಯಾ?"

ಮಾವನ ಅಂಗೈಯ ನೀರು ಬೆರಳ ಸಂದಿನಿಂದ ಸ್ವಲ್ಪ ಸೋರಿತು. ಶೀನಣ್ಣ ಮತ್ತೆ ಹಾಕಿದರು.

ಆಗ ಅತ್ತೆ ಮುಂದಕ್ಕೆ ಬಾಗಿದರು. ನನಗೆ ಒಂದು ಉಪಕಾರ ಮಾಡುವವರ ಮುಖ.

"ಹೊರುವುದು ನಿನಗೆ ಬೇಡ ಅಂದ್ರೆ ಬೇಡ. ನಿನ್ನ ಮೈ, ನಿನ್ನ ಮನಸ್ಸು. ನೀನು ಕೊಡ್ತೇನೆ ಅಂತ ಮಾತ್ರ ಹೇಳು. ನಮಿತಾ ಹೊರ್ತಾಳೆ. ಅವಳಿಗೆ ಎರಡು ಹೆತ್ತು ಅಭ್ಯಾಸ ಉಂಟು."

ನಮಿತಾ ಅಕ್ಕ "ಎಂತ?" ಎಂದಳು. ಕೇಳಿಸದೆ ಕೇಳಿದ್ದಲ್ಲ. ಅವಳು ಗಂಡನ ಕಡೆ ನೋಡಿದಳು. ಅಜಯ್ ಭಾವ ಎಲೆಯ ಮೇಲಿನ ಮಜ್ಜಿಗೆಯಲ್ಲಿ ಬೆರಳಿನಿಂದ ಗೆರೆ ಎಳೆಯುತ್ತಿದ್ದರು. ಅಮ್ಮ ಒಂದು ದಾರಿ ಹೇಳಿದ್ದಷ್ಟೆ, ಮನೆಗೆ ಹೋಗಿ ಮಾತಾಡುವ ಎಂದರು. ತಲೆ ಎತ್ತಲಿಲ್ಲ. ಅವರಿಗೆ ಗೊತ್ತಿತ್ತು. ಅದು ಕಾನೂನಿನಲ್ಲಿ ಆಗದ ವಿಷಯವೇನಲ್ಲ, ದಾರಿಗಳಿವೆ ಎಂದು ಗೋದಾಬಾಯಿ ಶುರುಮಾಡಿದರು. ಅವರಿಗೂ ಗೊತ್ತಿತ್ತು.

ನಾನು ನಮಿತಾ ಅಕ್ಕನ ಕೈ ನೋಡಿದೆ. ಎಲೆಯ ಮೇಲೆ ಗಾಳಿಯಲ್ಲಿ ಎತ್ತಿ ಹಿಡಿದ, ಬೆರಳು ಮಡಚಿದ ಕೈ. ಗೆಣ್ಣುಗಳ ಮೇಲೆ ಮಜ್ಜಿಗೆ ಅನ್ನ ಒಣಗಿ ಬಿಳಿ ಹಕ್ಕಳೆಯಾಗಿತ್ತು. ಉಳಿದವರ ಕೈಗಳೂ ಹಾಗೇ. ನನ್ನದೂ. ಆರು ಕೈಗಳು ಒಂದು ಮಾತಿಗಾಗಿ ಸೆಟೆದು ಕಾಯುತ್ತಿದ್ದವು. ನಾನು ಮಡಚಿದ ಬೆರಳು ಬಿಚ್ಚಿದೆ. ಒಣಗಿದ ಪದರ ಬಿರುಕುಬಿಟ್ಟು ಉದುರಿತು. ಇವರು ಎಲ್ಲ ಯೋಚಿಸಿದ್ದರು. ದೋಣಿ, ದ್ವೀಪ, ಸೀರೆ, ಪಾಯಸ, ಯಾರ ಹೊಟ್ಟೆ ಇಲ್ಲದಿದ್ದರೆ ಯಾರ ಹೊಟ್ಟೆ ಎಂಬುದು. ಇವಳು ಪಂಕ್ತಿಯಿಂದ ಏಳಬಹುದು ಎಂದು ಮಾತ್ರ ಯಾರೂ ಯೋಚಿಸಿರಲಿಲ್ಲ.

ಎದ್ದೆ.

ಶಬ್ದವೇ ಆಗಲಿಲ್ಲ. ಗಾಳಿಮರದ ಸೂಜಿಗಳು ಕಾಲಡಿಯಲ್ಲಿ ಚುಚ್ಚಿದವು. ಹಿಂದಿನಿಂದ ಮಾವ, "ಕೂತ್ಕೋ ಮಗಾ, ನಾನು ಇನ್ನೂ ತೆಕ್ಕೊಳ್ಳಲಿಲ್ಲ," ಎಂದರು. ಬೈಗುಳವಲ್ಲ, ಬೇಡಿಕೆ. ಅಷ್ಟು ವರ್ಷದಲ್ಲಿ ಅವರು ಯಾರನ್ನೂ ಬೇಡಿದ್ದು ನಾನು ಕೇಳಿರಲಿಲ್ಲ. ನಾನು ನೀರಿನ ಅಂಚಿಗೆ ಹೋಗಿ ಕುಕ್ಕರಗಾಲಲ್ಲಿ ಕೂತು ಕೈ ತೊಳೆದೆ. ಉಪ್ಪು ನೀರು, ಜಿಡ್ಡು ಹೋಗಲಿಲ್ಲ. ಮರಳು ಹಾಕಿ ಉಜ್ಜಿದೆ. ಓಕರಿಸಿದೆ, ಏನೂ ಬರಲಿಲ್ಲ. ದೋಣಿಯವನು ಡಬ್ಬಿಯಿಂದ ತಲೆ ಎತ್ತಿ ನೋಡಿ, ಮೀನಿನ ಮುಳ್ಳು ತೆಗೆಯುವುದನ್ನು ಮುಂದುವರಿಸಿದ.

ತಿರುಗಿದಾಗ ಮಾವ ಅಂಗೈ ಮಗುಚಿದ್ದರು. ನೀರು ಟಾರ್ಪಾಲಿನ ಮೇಲೆ ಹರಿದಿತ್ತು. ಒಬ್ಬೊಬ್ಬರಾಗಿ ಎದ್ದರು. ಗೋದಾಬಾಯಿ ಮಾತ್ರ ಎದ್ದವರು ಮತ್ತೆ ಬಗ್ಗಿ, ಎಲೆಯಲ್ಲಿ ಉಳಿದ ಹಪ್ಪಳದ ತುಂಡನ್ನು ಬಾಯಿಗೆ ಹಾಕಿಕೊಂಡರು. ಶೀನಣ್ಣ ಎಲೆಗಳನ್ನು ಮಡಚಿ ಒಂದರ ಮೇಲೊಂದು ಇಟ್ಟರು. ನನ್ನ ಎಲೆಯ ಪಾಯಸದಲ್ಲಿ ನೊಣ ಸತ್ತಿತ್ತು.

ವಾಪಸು ಬರುವಾಗ ಯಾರೂ ಹಕ್ಕಿಗಳ ಕಡೆ ನೋಡಲಿಲ್ಲ. ದೋಣಿಯವನು ಎಂಜಿನ್ ನಿಲ್ಲಿಸುವುದೋ ಬೇಡವೋ ಎಂದು ಒಂದು ಗಳಿಗೆ ತಡವರಿಸಿ ಮುಂದೆ ಹೋದ. ಅರ್ಧ ದಾರಿಯಲ್ಲಿ ನಾನು ಗೋದಾಬಾಯಿಯವರ ಹತ್ತಿರ ಫೈಲು ಕೇಳಿದೆ. ಅವರ ಮುಖ ಅರಳಿತು. ಅತ್ತೆಯ ಮೊಣಕೈ ಮುಟ್ಟಿ, ನಾನು ಹೇಳಿರಲಿಲ್ಲವಾ ಎಂಬಂತೆ ನೋಡಿದರು. ಜಿಪ್ ತೆಗೆದು, ಪೆನ್ನಿನ ಮುಚ್ಚಳವನ್ನೂ ಅವರೇ ತೆಗೆದು ಕೊಟ್ಟರು.

ಒಂದೇ ಹಾಳೆ. ಮೂರು ಚೌಕ. ಬಳಸಲು ಒಪ್ಪಿಗೆ. ಇನ್ನೊಂದು ವರ್ಷ ಇಡಲು ಒಪ್ಪಿಗೆ. ತೆಗೆದುಹಾಕಲು ಒಪ್ಪಿಗೆ. ಎರಡನೆಯ ಚೌಕದ ಮೇಲೆ ಪೆನ್ನು ಸ್ವಲ್ಪ ಹೊತ್ತು ನಿಂತಿತು. ಇನ್ನೊಂದು ವರ್ಷ ಎಂದರೆ ಇನ್ನೊಂದು ವರ್ಷದ ಮಜ್ಜಿಗೆ. ಇವತ್ತು ನಾನು ಎದ್ದೆ. ನಾಳೆ ನಮಿತಾ ಅಕ್ಕನನ್ನು ಕೂರಿಸುತ್ತಾರೆ. ಬಸ್ ಸ್ಟಾಪಿನಲ್ಲಿ ಕೂತಿದ್ದಾಗ ನನಗೆ ಬೇಕು ಅನಿಸಿದ್ದು ಏನು ಎಂದು ನೆನಪು ಮಾಡಿಕೊಳ್ಳಲು ನೋಡಿದೆ. ಒಂದು ಮುಖವೋ, ಒಂದು ತೂಕವೋ, ಏನೋ ಇತ್ತು. ಬರಲಿಲ್ಲ. ಗೋದಾಬಾಯಿಯ ತುಟಿಯಂಚಿನ ಬಿಳಿ ಮಾತ್ರ ಕಣ್ಣ ಮುಂದೆ ಬಂತು. ನಾನು ಮಾಡಿದ್ದು ಸರಿಯೋ ತಪ್ಪೋ ಈಗಲೂ ಗೊತ್ತಿಲ್ಲ. ನನಗೂ ಅವನದ್ದು ಅಂತ ಉಳಿದಿದ್ದು ಅದೊಂದೇ.

ಮೂರನೆಯ ಚೌಕದಲ್ಲಿ ಗುರುತು ಹಾಕಿ ಸಹಿ ಮಾಡಿದೆ. ದೋಣಿಯ ಕುಲುಕಾಟಕ್ಕೆ ಹೆಸರಿನ ಬಾಲ ಹಾಳೆಯ ಅಂಚಿನವರೆಗೆ ಹೋಯಿತು.

ಗೋದಾಬಾಯಿ ಕತ್ತು ಉದ್ದ ಮಾಡಿ ನೋಡಿದರು. ಇದು ಹೀಗೆಲ್ಲ ದೋಣಿಯಲ್ಲಿ ಕೂತು ಮಾಡೋದಲ್ಲ ಕಣ್ಣಾ, ಆಫೀಸಿಗೆ ಬರಬೇಕು, ಮಾತಾಡಬೇಕು, ಮನಸ್ಸು ಸ್ಥಿಮಿತದಲ್ಲಿ ಇರಬೇಕು ಎಂದರು. ಹೂಂ ಎನ್ನುವುದಾದರೆ ದೋಣಿಯಲ್ಲೇ ಆಗುತ್ತಿತ್ತಲ್ಲ ಎಂದೆ.

ಅತ್ತೆಗೆ ಅಕ್ಷರ ಓದಲು ಕನ್ನಡಕ ಬೇಕು. ಅಜಯ್ ಭಾವನ ಮುಖ ನೋಡಿ ತಿಳಿದುಕೊಂಡರು. ಅಳಲಿಲ್ಲ. ಶಾಲನ್ನು ತಲೆಯ ಮೇಲಿಂದ ಎಳೆದುಕೊಂಡು, "ನೀನು ಅವನನ್ನು ಎರಡನೇ ಸಲ ಸಾಯಿಸಿದೆ," ಎಂದರು. ಮಾವ ನೀರಿನ ಕಡೆ ತಿರುಗಿ ಕೂತಿದ್ದರು. ಅವರ ಬೆನ್ನು ಮಾತ್ರ ಕಾಣುತ್ತಿತ್ತು. ಮುದುಕನ ಬೆನ್ನು. ನಾನು ಅದನ್ನೂ ನೋಡಿದೆ, ಏನೂ ಆಗಲಿಲ್ಲ.

ಗೋದಾಬಾಯಿಗೆ ಆಗ ಒಂದು ನೆನಪಾಯಿತು. ಧ್ವನಿಯಲ್ಲಿ ಸಮಾಧಾನ ಬಂತು. ಕುಟುಂಬದವರೊಬ್ಬರು ಸಾಕ್ಷಿ ಹಾಕದೆ ಇದು ನಡೆಯುವುದಿಲ್ಲ ಎಂದು ಹಾಳೆಯ ಕೆಳಗಿನ ಗೆರೆ ತೋರಿಸಿದರು. ಬಳಸಲಿಕ್ಕೂ ಬೇಕು, ತೆಗೆಯಲಿಕ್ಕೂ ಬೇಕು. ಇಲ್ಲಿ ಯಾರು ಹಾಕ್ತಾರೆ ಹೇಳು ಎಂದರು. ಫೈಲು ವಾಪಸು ಕೊಡು ಎಂದು ಕೈ ಚಾಚಿದರು.

ನಮಿತಾ ಅಕ್ಕ ಎದುರಿನ ಹಲಗೆಯಿಂದ ಎದ್ದು, ದೋಣಿಯ ಅಂಚು ಹಿಡಿದುಕೊಂಡು ಈಚೆ ಬಂದಳು. ನನ್ನ ಪಕ್ಕದಲ್ಲಿ ಜಾಗ ಇರಲಿಲ್ಲ. ಪಾಯಸದ ಪಾತ್ರೆಯನ್ನು ಕಾಲಿನಿಂದ ಆಚೆ ತಳ್ಳಿ, ಕೆಳಗೆ ಕೂತಳು.

"ನಮಿತಾ, ನಿನಗೆ ಬೇಡದ ಕೆಲಸ ಅದು," ಎಂದರು ಅಜಯ್ ಭಾವ.

"ನನಗೆ ಯಾವುದು ಬೇಕು ಯಾವುದು ಬೇಡ ಅಂತ ಮಜ್ಜಿಗೆ ಹಾಕುವ ಮೊದ್ಲು ಕೇಳ್ಬೇಕಿತ್ತು ನೀವು."

ಅವಳು ನನ್ನ ಕೈಯಿಂದ ಪೆನ್ನು ತೆಗೆದುಕೊಂಡಳು. ಹಾಳೆಯನ್ನು ಮಂಡಿಯ ಮೇಲೆ ಇಟ್ಟುಕೊಂಡು, ಶಾಲೆಯ ಮಕ್ಕಳ ಹಾಗೆ ನಿಧಾನವಾಗಿ ತನ್ನ ಪೂರ್ತಿ ಹೆಸರು ಬರೆದಳು. ಸಂಬಂಧ ಎಂಬಲ್ಲಿ ಓರಗಿತ್ತಿ ಎಂದು ಬರೆದಳು. ಫೋನ್ ನಂಬರು ಬರೆದಳು. ತಾರೀಕಿನ ಜಾಗಕ್ಕೆ ಬಂದಾಗ ಪೆನ್ನು ನಿಂತಿತು. ಇವತ್ತು ಎಷ್ಟು ಎಂದು ಕೇಳಿದಳು. ಇನ್ನೊಮ್ಮೆ ಕೇಳಿದಳು.

ಹದಿನಾಲ್ಕು ಅಮ್ಮಾ ಎಂದು ಹಿಂದಿನಿಂದ ದೋಣಿಯವನು ತಮಿಳಿನಲ್ಲಿ ಹೇಳಿದ.